ಹಳ್ಳಕ್ಕೆ ಕಾಫಿ ಪಲ್ಪರ್ ನೀರು ಬೀಳುವುದು ನಿಂತ ಮೇಲೆ ಕಪ್ಪೆ ಕುಣಿಯಿತು: ನನ್ನ ಅನುಭವ

ಕಳೆದ ಅಕ್ಟೋಬರ್ ಕೊನೆಯಲ್ಲಿ ಒಂದೇ ಬೆಳಗ್ಗೆ ಕುಣಿಯುವ ಕಪ್ಪೆಯ 17 ಗಂಡು ಎಣಿಸಿದೆ. ಆರು ವರ್ಷದ ಹಿಂದೆ ನಮ್ಮ ಕಾಫಿ ತೋಟದ ಈ ಹಳ್ಳದಲ್ಲಿ ಒಂದೂ ಇರಲಿಲ್ಲ. "ಏನ್ ಮಾರಾಯ, ಕಪ್ಪೆ ಸಾಕಿ ಡೇರಿಗೆ ಹಾಲು ಹಾಕ್ತೀಯಾ?" ಅಂತ ನಕ್ಕವರು ದಯವಿಟ್ಟು ಓದಬೇಕು.

ತೋಟ ಮೂಡಿಗೆರೆ ತಾಲ್ಲೂಕು, ಕೊಟ್ಟಿಗೆಹಾರದಿಂದ ಜಾಸ್ತಿ ದೂರವಿಲ್ಲ. ಅಷ್ಟು ಸಾಕು. ಜಾಗ ಹೇಳಿದರೆ ಭಾನುವಾರ ಕ್ಯಾಮೆರಾದವರು ಬಂದು ಕಲ್ಲು ಮಗುಚುತ್ತಾರೆ.

ನಾನು ಹೇಳುತ್ತಿರುವುದು ಕುಣಿಯುವ ಕಪ್ಪೆಯ ವಿಷಯ. ಹಳ್ಳದ ಸದ್ದಿನಲ್ಲಿ ಕೂಗು ಕೇಳಿಸದು ಅಂತಲೋ ಏನೋ, ಗಂಡು ಹಿಂಗಾಲು ಚಾಚಿ ಬೆರಳಿನ ಪೊರೆ ಬಿಡಿಸಿ ಬೀಸುತ್ತದೆ. 1937ರಲ್ಲಿ ಪ್ರಾಣಿಶಾಸ್ತ್ರಜ್ಞ ಸಿ.ಆರ್. ನಾರಾಯಣ ರಾವ್ ನಮ್ಮ ಕೊಟ್ಟಿಗೆಹಾರದ ಹೆಸರನ್ನೇ ಇಂಥದ್ದೊಂದು ಕಪ್ಪೆಗೆ ಇಟ್ಟರು. ನನ್ನದು ಅದೇ ಜಾತಿಯಾ ಅಂತ ಕೇಳಬೇಡಿ. 2014ರಲ್ಲಿ ಈ ಕುಣಿಯುವ ಕಪ್ಪೆಗಳ ಪಟ್ಟಿಗೆ ಒಂದೇ ಸಲ 14 ಹೊಸ ಜಾತಿ ಸೇರಿದವು. ಬರೀ ಕಣ್ಣಲ್ಲಿ ನೋಡಿ ಹೆಸರು ಹೇಳುವ ಧೈರ್ಯ ನನಗಿಲ್ಲ.

ಈ ಕಪ್ಪೆ ಬರಲಿ ಅಂತ ಮೊದಲು ಮಾಡಿದ್ದೆಲ್ಲ ತಪ್ಪು. ಹಳ್ಳಕ್ಕೆ ಅಡ್ಡ ಸಿಮೆಂಟ್ ಕಟ್ಟೆ ಕಟ್ಟಿಸಿದೆ, ಸುಮಾರು 40 ಸಾವಿರ ಹೋಯಿತು. ನೀರು ನಿಂತಿತು, ಸೊಳ್ಳೆ ಬಂತು, ಗದ್ದೆಯ ಗೊಂಕರು ಕಪ್ಪೆ ಬಂತು. ಕುಣಿಯುವ ಕಪ್ಪೆಗೆ ಬೇಕಾದದ್ದು ಹರಿಯುವ ನೀರು, ಅದೂ ನೆರಳಲ್ಲಿ. ಎರಡನೇ ಮಳೆಗಾಲ ಮುಗಿದ ಮೇಲೆ ಕಟ್ಟೆ ಒಡೆಸಿದೆ. ಒಡೆಸುವುದಕ್ಕೂ ಏಳೆಂಟು ಸಾವಿರ!

ಆಮೇಲೆ ಹಳ್ಳ 'ಕ್ಲೀನ್' ಮಾಡಿಸಿದೆ. ಮರಳು, ಜಲ್ಲಿ ಎತ್ತಿ ಮನೆ ಕೆಲಸಕ್ಕೆ ಬಳಸಿದೆವು. ಈಗ ನೆನೆಸಿದರೆ ನಾಚಿಕೆಯಾಗುತ್ತದೆ. ಈ ಕಪ್ಪೆಯ ಹೆಣ್ಣು ನೀರಿನ ತಳದಲ್ಲಿ ಕಾಲಿನಿಂದ ಕೆರೆದು ಮೊಟ್ಟೆ ಇಟ್ಟು ಮುಚ್ಚುತ್ತದೆ. ಮರಿಗಳೂ ಮರಳಿನ ಒಳಗೇ ಹುದುಗಿ ಬೆಳೆಯುತ್ತವೆ. ನಾನು ಹೆರಿಗೆ ವಾರ್ಡನ್ನೇ ಬಾಚಿ ಗಾರೆಗೆ ಹಾಕಿದ್ದೆ.

ಬೋರ್ಡೋ (ಗಿಡಕ್ಕೆ ಹೊಡೆಯುವ ಮೈಲುತುತ್ತ-ಸುಣ್ಣದ ದ್ರಾವಣ) ಡ್ರಮ್ ತೊಳೆಯುತ್ತಿದ್ದದ್ದೂ ಆ ಹಳ್ಳದಲ್ಲೇ. ಮೈಲುತುತ್ತದಲ್ಲಿರುವ ತಾಮ್ರ ಗೊದಮೊಟ್ಟೆಗೆ ವಿಷ. ಅದನ್ನು ನಿಲ್ಲಿಸಲು ಖರ್ಚಿಲ್ಲ, ದಿನಾ ಒಬ್ಬರ ಹತ್ತಿರ ಜಗಳ ಆಡಬೇಕು ಅಷ್ಟೇ.

ನಿಜವಾದ ಕಳ್ಳ ಪಲ್ಪರ್, ಅಂದರೆ ಕಾಫಿ ಹಣ್ಣಿನ ಸಿಪ್ಪೆ ಸುಲಿಯುವ ಯಂತ್ರ. ಮಳೆ ಇಳಿದು ಹಳ್ಳ ತೆಳ್ಳಗಾದಾಗ ಕುಣಿತ ಶುರು, ಡಿಸೆಂಬರ್‌ವರೆಗೂ ನಡೆಯುತ್ತದೆ. ನಮ್ಮ ಅರೇಬಿಕಾ ಹಣ್ಣಾಗಿ ಪಲ್ಪರ್ ಓಡುವುದೂ ಆಗಲೇ. ಅದರ ಹುಳಿ ನೀರು ಹಳ್ಳಕ್ಕೆ ಬಿದ್ದು ಕೊಳೆತರೆ ನೀರಿನ ಆಮ್ಲಜನಕವೆಲ್ಲ ಖಾಲಿ. ನಾಲ್ಕು ವರ್ಷ ಇಷ್ಟು ಕಣ್ಣೆದುರಿನ ವಿಷಯ ನನಗೆ ಹೊಳೆಯಲಿಲ್ಲ.

ಆ ನೀರು ಹಿಡಿಯಲು ಮೊದಲ ಗುಂಡಿ ಹಳ್ಳದಿಂದ 20 ಅಡಿಗೆ ತೋಡಿಸಿದೆ. ಒಳಗಿಂದಲೇ ಜಿನುಗಿ ಹಳ್ಳ ಸೇರಿತು. ಎರಡನೆಯದು ನವೆಂಬರಿನ ಅಕಾಲ ಮಳೆಗೆ ತುಂಬಿ ಒಡೆಯಿತು. ಮೂರನೇ ಸಲ ಪಲ್ಪರನ್ನೇ ಎತ್ತಿ ಗುಡ್ಡದ ಆ ಮಗ್ಗುಲಿಗೆ ಹಾಕಿದೆ. ಎರಡು ಗುಂಡಿ, ದಪ್ಪ ಶೀಟು, ಸುಣ್ಣ, ಅದೇ ನೀರನ್ನು ಮತ್ತೆ ಬಳಸಲು ಪುಟ್ಟ ಮೋಟಾರು. ಜೆಸಿಬಿ ಬಾಡಿಗೆ ಸೇರಿ ಒಂದೂವರೆ ಲಕ್ಷ ಮುಟ್ಟಿರಬೇಕು, ಚೀಟಿ ಎಲ್ಲಿದೆಯೋ ಗೊತ್ತಿಲ್ಲ. ಆ ವರ್ಷ ಅರ್ಧ ಫಸಲು ಪಾರ್ಚ್‌ಮೆಂಟ್ (ಸಿಪ್ಪೆ ಸುಲಿದು ತೊಳೆದು ಒಣಗಿಸಿದ ಬೀಜ) ಆಗದೆ ಚೆರಿಯಾಗಿಯೇ, ಅಂದರೆ ಇಡೀ ಹಣ್ಣು ಒಣಗಿಸಿದ್ದಾಗಿಯೇ ಹೋಯಿತು. ಮನೆಯಲ್ಲಿ ಒಂದು ವಾರ ಮಾತಿಲ್ಲ.

ದಂಡೆಯಲ್ಲಿ ಮರಗಸಿ (ನೆರಳಿನ ಮರದ ಕೊಂಬೆ ಕಡಿಯುವುದು) ನಿಲ್ಲಿಸಿದೆ. ವಾಟೆ, ಹೊಳೆಮತ್ತಿ, ನೇರಳೆ ಹಾಕಿದೆ. ಎರಡೂ ಕಡೆ 15 ಅಡಿ ಕಾಫಿ ಗಿಡ ಕಿತ್ತೆ, ಸುಮಾರು 200 ಗಿಡ. ಕಲ್ಲುಗಳನ್ನೂ ವಾಪಸ್ ಹಾಕಿದೆ. ಯಾವ ತಿರುವಿನಲ್ಲಿ, ಯಾವ ಓರೆಗೆ ಅನ್ನುವುದನ್ನು ಇಲ್ಲಿ ಬರೆಯಲ್ಲ.

ಒಂದು ಕಪ್ಪೆಯನ್ನೂ ನಾನು ಹಿಡಿದು ತಂದಿಲ್ಲ. ಮೇಲೆ ಕಾಡಂಚಿನ ಝರಿಯಲ್ಲಿ ನಾಲ್ಕೈದು ಉಳಿದಿದ್ದವು, ಅವೇ ಇಳಿದು ಬಂದವು. ಮೊದಲು ಕಂಡದ್ದು ಕಾಫಿ ಕುಯ್ಯಲು ಬಂದ ಹೆಂಗಸಿಗೆ. "ಅಣ್ಣಾ, ಕಪ್ಪೆ ಕಾಲು ಬೀಸಿ ಕರೀತಾ ಇದೆ ನೋಡಿ" ಅಂದರು.

ಸುಮ್ನೆ ಒಂದು ದಿನ ಶೇವಿಂಗ್ ಕನ್ನಡಿ ಇಟ್ಟು ನೋಡಿದೆ, ತನ್ನ ಬಿಂಬಕ್ಕೂ ಕಾಲು ಬೀಸುತ್ತದಾ ಅಂತ. ಕಪ್ಪೆ ತಿರುಗಿಯೂ ನೋಡಲಿಲ್ಲ. ಏಡಿಯೊಂದು ಬಂದು ಕನ್ನಡಿ ಹಿಂದೆ ಮನೆ ಮಾಡಿತು. ಅಕ್ಕನ ಮಗ, ಬೆಂಗಳೂರಿನವನು, "ಮಾವ, ಸಾಲಮ್ಯಾಂಡರ್ ಸಿಗುತ್ತಾ?" ಅಂದ. ಆ ಬಾಲದ ಜಾತಿ ನಮ್ಮ ಘಟ್ಟದಲ್ಲಿಲ್ಲ, ಡಾರ್ಜಿಲಿಂಗ್ ಕಡೆಗೇ ಹೋಗಬೇಕು ಅಂದೆ.

ಹೋದ ತಿಂಗಳು ಡೇರಿ ಹಾಲಿನ ಮಾತು ಆಡಿದವರೇ ಬಂದು ಗುಂಡಿಯ ಅಳತೆ ಬರೆದುಕೊಂಡು ಹೋದರು. ಕಲ್ಲಿನ ವಿಷಯ ಅವರು ಕೇಳಲಿಲ್ಲ, ನಾನೂ ಬಾಯಿ ಬಿಡಲಿಲ್ಲ.