ಯಾಕ್ ಯಾಕೆ ಪುಣೆಯಲ್ಲಿಲ್ಲ?

ನಮ್ಮ ಸೊಸೈಟಿ ಕ್ಲಬ್‌ಹೌಸಲ್ಲಿ ಪ್ರತಿ ಭಾನುವಾರ ಬೆಳಿಗ್ಗೆ ಹತ್ತಕ್ಕೆ ಮಕ್ಕಳಿಗೆ ಕನ್ನಡ ಹೇಳ್ಕೊಡ್ತೀನಿ. ಪುಣೆ, ಸಿಂಹಗಡ ರೋಡ್ ಕಡೆ. ಒಂಬತ್ತು ಮಕ್ಕಳು, ಐದು ವರ್ಷದಿಂದ ಹತ್ತು ವರ್ಷದವರು, ಹೆಚ್ಚಿನವರು ಗದಗ, ವಿಜಯಪುರ, ಬೆಳಗಾವಿ ಕಡೆ ಮನೆಯವರು, ಮನೇಲಿ ಕನ್ನಡ, ಲಿಫ್ಟಲ್ಲಿ ಮರಾಠಿ, ಸ್ಕೂಲಲ್ಲಿ ಇಂಗ್ಲಿಷ್. ಕಾಗುಣಿತ ಬರೆಸಿ ಬರೆಸಿ ನಂಗೂ ಸಾಕಾಗಿ ಅವರಿಗೂ ಸಾಕಾಗಿ, ಹೋದ ವರ್ಷ ಜೂನ್‌ನಲ್ಲಿ ಬೆಟ್ಟದ ಪ್ರಾಣಿಗಳು ಅಂತ ಒಂದು ವಿಷಯ ಎತ್ಕೊಂಡೆ, ನಾಲ್ಕು ವಾರದಲ್ಲಿ ಮುಗಿಸೋಣ ಅಂತ. ಅದು ಜನವರಿವರೆಗೂ ಎಳೀತು.

ಶುರುವೇ ಪೂರ್ತಿ ಫ್ಲಾಪ್. ಪುಸ್ತಕದಂಗಡಿ ಸಾಲಿರೋ ಅಪ್ಪಾ ಬಳವಂತ ಚೌಕಿಗೆ ಹೋಗಿ ದೊಡ್ಡ ಚಾರ್ಟ್ ತಂದೆ, ಗೋಡೆಗೆ ಅಂಟಿಸ್ದೆ, ಇದು ಹಿಮ ಚಿರತೆ, ಇದು ಐಬೆಕ್ಸ್ (ಬೆಟ್ಟದ ಕಾಡು ಆಡು), ಇದು ಯಾಕ್ (ಮೈತುಂಬ ಉದ್ದ ಕೂದಲಿರೋ ಬೆಟ್ಟದ ದನ) ಅಂತ ಕೋಲು ಹಿಡಿದು ತೋರಿಸ್ದೆ, ಮಕ್ಕಳು ರಾಗವಾಗಿ ಹೇಳಿದ್ವು, ಮುಂದಿನ ವಾರ ಕೇಳಿದ್ರೆ ಒಬ್ಬರಿಗೂ ನೆನಪಿಲ್ಲ. ಅದಕ್ಕಿಂತ ದೊಡ್ಡ ಪೇಚು ಅಂದ್ರೆ ಆ ಚಾರ್ಟಿನ ಮೂಲೆಯಲ್ಲಿ ಒಂದು ಹಿಮಕರಡಿ ಕೂತಿತ್ತು! ನಾನು ತರುವಾಗ ನೋಡಿರ್ಲೇ ಇಲ್ಲ. ಅದು ಉತ್ತರ ಧ್ರುವದ ಸಮುದ್ರದ ಮಂಜುಗಡ್ಡೆ ಮೇಲೆ ಸೀಲ್ ಹಿಡ್ಕೊಂಡು ತಿನ್ನೋ ಪ್ರಾಣಿ, ಬೆಟ್ಟಕ್ಕೂ ಅದಕ್ಕೂ ಏನು ಸಂಬಂಧ. ಆದ್ರೆ ಮಕ್ಕಳ ತಲೆಯಲ್ಲಿ ಬಿಳಿ ಇದ್ರೆ ಬೆಟ್ಟ ಅಂತ ಕೂತುಬಿಡ್ತು, ಬೆಟ್ಟ ಅಂದ್ರೆ ಹಿಮ, ಅಷ್ಟೇ. ದಿನಾ ಬಾಲ್ಕನಿಯಿಂದ ಸಿಂಹಗಡ ಕಾಣತ್ತೆ, ಅದು ಬೆಟ್ಟ ಅಲ್ವಂತೆ, "ಅದು ಫೋರ್ಟ್, ಕಾಕೂ."

ಅವತ್ತೇ ಆರು ವರ್ಷದ ಒಬ್ಬ ಕೇಳಿದ್ದು, "ಕಾಕೂ, ಯಾಕ್ ಯಾಕ ಪುಣೇದಾಗ ಇಲ್ಲ?" ಎಲ್ಲರೂ ಬಿದ್ದು ಬಿದ್ದು ನಕ್ಕರು, ಯಾಕ್ ಯಾಕ ಯಾಕ್ ಯಾಕ ಅಂತ ಹತ್ತು ನಿಮಿಷ ಕ್ಲಾಸೇ ಇಲ್ಲ. ರಾತ್ರಿ ಪಾತ್ರೆ ತೊಳೀತಾ ಯೋಚನೆ ಬಂತು, ನಾನು ಹೇಳ್ಕೊಡಬೇಕಾಗಿದ್ದೇ ಅದಲ್ವಾ? ಯಾವ ಪ್ರಾಣಿ ಎಲ್ಲಿದೆ ಅನ್ನೋದು ಆಮೇಲೆ, ಅಲ್ಲೇ ಯಾಕಿದೆ ಅನ್ನೋದು ಮೊದಲು. ಚಾರ್ಟ್ ಸುತ್ತಿ ಅಟ್ಟಕ್ಕೆ ಹಾಕ್ದೆ. ಬೆಟ್ಟದಲ್ಲಿ ಬದುಕೋದಕ್ಕೆ ಮೂರು ಕಷ್ಟ, ಚಳಿ, ಏರು, ಗಾಳಿ ಕಮ್ಮಿ. ಈ ಮೂರನ್ನೂ ಮಕ್ಕಳು ತಮ್ಮ ಮೈಮೇಲೆ ಅನುಭವಿಸಿದ ಮೇಲೇನೇ ಪ್ರಾಣಿ ಹೆಸರು ಹೇಳೋದು ಅಂತ ತೀರ್ಮಾನ ಮಾಡ್ದೆ.

ಚಳಿಗೆ ನಮ್ಮತ್ತೆಯ ಹಳೇ ಕಂಬಳಿ ಉಪಯೋಗಕ್ಕೆ ಬಂತು. ಜುಲೈ ತಿಂಗಳು, ಹೊರಗೆ ಜೋರು ಮಳೆ. ಮೂರು ಐಸ್ ಕ್ಯೂಬ್, ಒಂದು ಬರೀ ತಟ್ಟೆಯಲ್ಲಿ, ಒಂದು ಕಾಟನ್ ಕರ್ಚೀಫಲ್ಲಿ, ಒಂದು ಕಂಬಳಿ ತುಂಡಲ್ಲಿ ಸುತ್ತಿಟ್ಟು, ಯಾವುದು ಮೊದಲು ಕರಗತ್ತೆ ಹೇಳಿ ಅಂದೆ. ಎಂಟು ಜನ ಕಂಬಳೀದು ಅಂದ್ರು, ಯಾಕಂದ್ರೆ ಕಂಬಳಿ ಬಿಸಿ ಕೊಡತ್ತೆ! ಅಷ್ಟೊತ್ತು ಕಥೆ ಹೇಳಿ ಬಿಚ್ಚಿ ನೋಡಿದ್ರೆ ತಟ್ಟೇಲಿ ಬರೀ ನೀರು, ಕರ್ಚೀಫಲ್ಲಿ ಕಡಲೆಕಾಳಷ್ಟು ಚೂರು, ಕಂಬಳಿಯೊಳಗೆ ಐಸ್ ಇನ್ನೂ ಗಟ್ಟಿಯಾಗೇ ಇದೆ. ಅವರ ಮುಖ ನೋಡಬೇಕಿತ್ತು ನೀವು. ಕಂಬಳಿ ಬಿಸಿ ಕೊಡಲ್ಲ, ಕೂದಲಿನ ಮಧ್ಯೆ ಸಿಕ್ಕಿಹಾಕಿಕೊಂಡ ಗಾಳಿ ಹೊರಗಿನ ಬಿಸಿ ಒಳಗೆ ಬಿಡಲ್ಲ ಒಳಗಿನ ಬಿಸಿ ಹೊರಗೆ ಬಿಡಲ್ಲ ಅಂತ ಆಗ ಹೇಳಿದ್ದು ನೆಟ್ಟಗೆ ತಲೆಗೆ ಹೋಯ್ತು. ಅದಾದ ಮೇಲೆ ಹಿಮ ಚಿರತೆ ಚಿತ್ರ ತೆಗೆದೆ. ಅದರ ಹೊಟ್ಟೆ ಕೆಳಗಿನ ಕೂದಲು ಸುಮಾರು 12 ಸೆಂಟಿಮೀಟರ್ ಉದ್ದ ಅಂತ ಸ್ಕೇಲ್ ಇಟ್ಟು ತೋರಿಸ್ದೆ, ಬಾಲ ಹತ್ತಿರ ಹತ್ತಿರ ಒಂದು ಮೀಟರ್, ಮಲಗುವಾಗ ಅದನ್ನೇ ಮುಖಕ್ಕೆ ಸುತ್ಕೊಳತ್ತೆ, ಬಂಡೆ ಮೇಲೆ ನೆಗೆಯುವಾಗ ಅದೇ ಬಾಲ ತೂಕ ಸರಿ ಮಾಡತ್ತೆ. ನಮ್ಮ ಯಾಕ್ ಪ್ರಶ್ನೆಯೂ ಅವತ್ತೇ ಬಗೆಹರೀತು, ಕೇಳಿದವನೇ ಉತ್ತರ ಹೇಳ್ದ, "ಅದು ಕಂಬಳಿ ಬಿಚ್ಚಾಕ ಬರಂಗಿಲ್ಲಲ್ಲ, ಮೇ ತಿಂಗಳಾಗ ಇಲ್ಲಿ ಸಾಯ್ತದ." (ಇನ್ನೊಂದು ಮಜಾ, ಟಿಬೆಟಿಯನ್ನರ ಭಾಷೇಲಿ ಯಾಕ್ ಅಂದ್ರೆ ಗಂಡು ಮಾತ್ರ, ಹೆಣ್ಣಿಗೆ ದ್ರಿ ಅಂತಾರೆ. ಇದನ್ನ ಹೇಳಿದ್ಮೇಲೆ ಹುಡುಗೀರೆಲ್ಲ ಕೆಲವು ವಾರ ದ್ರಿ ಆಗಿದ್ರು.)

ಭಾರತದಲ್ಲಿ ಹಿಮ ಚಿರತೆ ಎಷ್ಟಿವೆ ಅಂತ ದೇಶಮಟ್ಟದಲ್ಲಿ ಮಾಡಿದ ಮೊದಲ ಎಣಿಕೆ 2024ರ ಜನವರಿಯಲ್ಲಿ ಬಂತು, ಅಂದಾಜು 718, ಅದರಲ್ಲಿ 477 ಲಡಾಖ್ ಒಂದರಲ್ಲೇ. ಬೋರ್ಡ್ ಮೇಲೆ ಬರೆದೆ, ಮಕ್ಕಳಿಗೆ 718 ಅಂದ್ರೆ ಬಹಳ ಅನ್ನಿಸ್ತು. ನಮ್ಮ ಸೊಸೈಟೀಲಿ ಎಷ್ಟು ಜನ ಇದೀವಿ ಲೆಕ್ಕ ಹಾಕಿ ಅಂದೆ. ಫ್ಲ್ಯಾಟ್ ಎಣಿಸಿದ್ರು, ಗುಣಿಸಿದ್ರು, ಒಂಬೈನೂರು ದಾಟ್ತು. ಸ್ವಲ್ಪ ಹೊತ್ತು ಯಾರೂ ಮಾತಾಡ್ಲಿಲ್ಲ.

ಗಾಳಿ ಕಮ್ಮಿ ಅನ್ನೋ ಪಾಠದಲ್ಲಿ ನಾನು ತಪ್ಪು ಮಾಡ್ದೆ, ಅದನ್ನೂ ಹೇಳ್ಬಿಡ್ತೀನಿ. ಐದೂವರೆ ಸಾವಿರ ಮೀಟರ್ ಎತ್ತರಕ್ಕೆ ಹೋದ್ರೆ ಗಾಳಿಯ ಒತ್ತಡ ಸಮುದ್ರದಂಚಿನಲ್ಲಿ ಇರೋದ್ರ ಅರ್ಧ ಆಗತ್ತೆ, ಅಂದ್ರೆ ಒಂದು ಉಸಿರಿಗೆ ಸಿಗೋ ಆಮ್ಲಜನಕವೂ ಅರ್ಧ. ಇದು ಗೊತ್ತಾಗ್ಲಿ ಅಂತ ಎಲ್ಲರಿಗೂ ಒಂದೊಂದು ಸ್ಟ್ರಾ ಕೊಟ್ಟು, ಮೂಗು ಹಿಡ್ಕೊಂಡು ಬರೀ ಸ್ಟ್ರಾದಲ್ಲಿ ಉಸಿರಾಡ್ತಾ ನಿಂತಲ್ಲೇ ಜಾಗಿಂಗ್ ಮಾಡಿ ಅಂದೆ. ಒಬ್ಬಳಿಗೆ ಉಬ್ಬಸ ಇದೆ, ನಂಗೆ ಗೊತ್ತಿಲ್ಲ, ನಾನು ಕೇಳೂ ಇಲ್ಲ. ಅರ್ಧ ನಿಮಿಷದಲ್ಲಿ ಏದುಸಿರು ಶುರುವಾಯ್ತು, ಅವರಮ್ಮ ಓಡಿಬಂದು ಇನ್ಹೇಲರ್ ಕೊಟ್ರು, ಎಲ್ಲಾ ಸರಿಹೋಯ್ತು, ಆಮೇಲೆ ನನಗೆ ಸರಿಯಾಗಿ ಬೈದ್ರು. ಬೈಯಬೇಕಾದ್ದೇ. ಈಗ ಇದನ್ನ ಮಾಡೋದಾದ್ರೆ ಅಪ್ಪ ಅಮ್ಮನ್ನ ಕೇಳಿ, ಕೂತಲ್ಲೇ, ನಾಲ್ಕೈದು ಉಸಿರು ಅಷ್ಟೇ, ಓಡೋದೂ ಇಲ್ಲ ಮೂಗು ಹಿಡಿಯೋದೂ ಇಲ್ಲ.

ಏರಿನ ಪಾಠ ನಾನು ಮಾಡ್ಲಿಲ್ಲ, ಒಂದು ಆಡು ಮಾಡ್ತು. ದೀಪಾವಳಿ ಆದಮೇಲೆ ಮಕ್ಕಳು, ನಾಲ್ಕು ಜನ ಅಪ್ಪಂದಿರು, ಎಲ್ಲ ಸೇರಿ ಆತಕರವಾಡಿ ಕಡೆಯಿಂದ ಸಿಂಹಗಡ ಹತ್ತೋಕೆ ಹೊರಟ್ವಿ. ಕೋಟೆ ಇರೋದು ಸುಮಾರು 1300 ಮೀಟರ್ ಎತ್ತರದಲ್ಲಿ. ಅರ್ಧ ದಾರೀಲೇ ಮಕ್ಕಳಿಗಿಂತ ಮೊದಲು ಅಪ್ಪಂದಿರು ಕೂತ್ಕೊಂಡ್ರು. ಅಲ್ಲಿ ಒಬ್ಬ ಅಜ್ಜ ಆಡು ಮೇಯಿಸ್ತಿದ್ದ, ಒಂದು ಮರಿ ನಾವು ಕೈಕಾಲು ಎರಡೂ ಊರಿ ಹತ್ತಿದ ಬಂಡೆ ಮೇಲೆ ಆರಾಮಾಗಿ ನಿಂತು ಎಲೆ ಅಗೀತಿತ್ತು. ಅಜ್ಜನಿಗೆ ಮರಾಠೀಲಿ ಕೇಳ್ಕೊಂಡೆ, ಅವನು ನಕ್ಕು ಮರಿ ಹಿಡಿದು ಕಾಲು ಎತ್ತಿ ತೋರಿಸ್ದ. ಒಬ್ಬೊಬ್ಬರಾಗಿ ಗೊರಸು ಮುಟ್ಟಿದ್ರು. ಸುತ್ತಲಿನ ಅಂಚು ಉಗುರಿನ ಹಾಗೆ ಗಟ್ಟಿ, ಒಳಗಡೆ ಮೆತ್ತಗೆ, ಒತ್ತಿದ್ರೆ ಸ್ವಲ್ಪ ಒಳಗೆ ಹೋಗತ್ತೆ, ಎರಡು ಬೆರಳು ಬೇರೆ ಬೇರೆಯಾಗಿ ಅಗಲ ಆಗತ್ತೆ. ಮೂರನೇ ಕ್ಲಾಸಿನವಳು ತನ್ನ ಶೂ ತಿರುಗಿಸಿ ನೋಡ್ಕೊಂಡು "ಇದರ ಸೋಲ್ ನಂದಕ್ಕಿಂತ ಛಲೋ ಐತಿ" ಅಂದ್ಳು. ಗಟ್ಟಿ ಅಂಚು ಬಂಡೆಯ ಸಂದಿಗೆ ಕಚ್ಕೊಳತ್ತೆ, ಮೆತ್ತಗಿನ ಭಾಗ ಜಾರದ ಹಾಗೆ ಹಿಡ್ಕೊಳತ್ತೆ. ಹಿಮಾಲಯದ ಐಬೆಕ್ಸ್, ಹಿಮ ಚಿರತೆ ಬೇಟೆಯಾಡೋ ಭರಲ್ ಅನ್ನೋ ಕಾಡು ಕುರಿ, ಎಲ್ಲದರ ಕಾಲೂ ಇದೇ ಲೆಕ್ಕ. ಇದಕ್ಕೆ ಯಾವ ವಿಡಿಯೋನೂ ಸಮ ಅಲ್ಲ, ನಾನಂತೂ ಈಗ ವಿಡಿಯೋ ಕೊನೇಲಿ ತೋರಿಸ್ತೀನಿ, ಮೊದಲೇ ತೋರಿಸಿದ್ರೆ ಕೈ ಕಟ್ಕೊಂಡು ಕೂತ್ಬಿಡ್ತಾರೆ. ಮೇಲೆ ಹೋಗಿ ಕಡಲೆಹಿಟ್ಟಿನ ಪಿಠಲಾ, ಭಾಕರಿ ಅಂದ್ರೆ ರೊಟ್ಟಿ, ಮಡಿಕೆ ಮೊಸರು. ಬಕರಿ (ಮರಾಠೀಲಿ ಆಡು) ನೋಡಿ ಭಾಕರಿ ತಿಂದ್ವಿ ಅಂತ ಒಬ್ಬ ಮನೆಗೆ ಬರೋವರೆಗೂ ಹಾಡಿದ್ದೇ ಹಾಡಿದ್ದು.

ಭೀಮಾಶಂಕರಕ್ಕೆ ಹೋಗಿ ಕೆಂಜಳಿಲು, ಇಲ್ಲಿಯವರು ಶೇಕರು ಅಂತಾರಲ್ಲ ಮಹಾರಾಷ್ಟ್ರದ ರಾಜ್ಯಪ್ರಾಣಿ, ಅದನ್ನೂ ತೋರಿಸಬೇಕು ಅಂತಿತ್ತು, ಹೋದ್ವಿ, ದೇವಸ್ಥಾನದ ರಶ್ಶಲ್ಲಿ ಅರ್ಧ ದಿನ ಹೋಯ್ತು, ಮರದ ತುದೀಲಿ ಎಲೆ ಕಡ್ಡಿ ಗೂಡೊಂದು ಕಂಡಿದ್ದಷ್ಟೇ.

ಜನವರೀಲಿ ಭಿಗವಣ. ಸೋಲಾಪುರ ರೋಡಲ್ಲಿ ನೂರು ಕಿಲೋಮೀಟರ್, ಉಜನಿ ಡ್ಯಾಮಿನ ಹಿನ್ನೀರು. ಎಲ್ಲರೂ ಅಲ್ಲಿ ಹೋಗೋದು ಫ್ಲೆಮಿಂಗೋಗೆ, ನಾನು ಕರ್ಕೊಂಡು ಹೋಗಿದ್ದು ಪಟ್ಟೆತಲೆ ಹೆಬ್ಬಾತಿಗೆ. ಮಂಗೋಲಿಯಾ, ಟಿಬೆಟ್ ಕಡೆ ಮರಿ ಮಾಡಿ ಚಳಿಗಾಲಕ್ಕೆ ಹಿಮಾಲಯ ದಾಟಿ ಬರೋ ಹಕ್ಕಿ, ಜಿಪಿಎಸ್ ಕಟ್ಟಿ ನೋಡಿದಾಗ ಒಂದು ಹಕ್ಕಿ 7290 ಮೀಟರ್ ಎತ್ತರ ಮುಟ್ಟಿದ್ದು ದಾಖಲಾಗಿದೆ. ಅದರ ರಕ್ತ ತೆಳು ಗಾಳಿಯಿಂದಲೂ ಆಮ್ಲಜನಕ ಚೆನ್ನಾಗಿ ಹಿಡ್ಕೊಳತ್ತೆ. ದೋಣಿಯಲ್ಲಿ ಮಕ್ಕಳ ಕಣ್ಣೆಲ್ಲ ಗುಲಾಬಿ ಹಕ್ಕಿ ಮೇಲೆ, ನಾನು ಹೆಬ್ಬಾತು ಹೆಬ್ಬಾತು ಅಂತ ಕೂಗ್ತಿದ್ರೂ ಕೇಳೋರಿಲ್ಲ. ಕೊನೆಗೆ ದಡದ ಹುಲ್ಲಲ್ಲಿ ಮೇಯ್ತಾ ಇದ್ದ ಗುಂಪು ಸಿಕ್ತು, ಬೈನಾಕ್ಯುಲರ್ ಕೈಯಿಂದ ಕೈಗೆ ಹೋಯ್ತು, ಬಿಳಿ ತಲೆ, ಹಿಂದೆ ಎರಡು ಕರೀ ಪಟ್ಟೆ, ಎಲ್ಲರೂ ಎಣಿಸಿದ್ರು.

ಯಾಕ್ ಪ್ರಶ್ನೆಯ ಹುಡುಗನ ಅಜ್ಜಿ ಊರು ಗದಗ ಜಿಲ್ಲೆಯ ಮಾಗಡಿ ಕೆರೆ ಹತ್ತಿರ. ವಾಪಸ್ ಬರುವಾಗ ಗಾಡಿಯಿಂದಲೇ ವಿಡಿಯೋ ಕಾಲ್ ಮಾಡಿ ಫೋಟೋ ತೋರಿಸ್ದ. ಅಜ್ಜಿ ಕನ್ನಡಕ ಸರಿ ಮಾಡ್ಕೊಂಡು ನೋಡಿ, "ಇವೇನಲೇ, ನಮ್ಮ ಕೆರಿಗೂ ಬರ್ತಾವ, ಹೊಲದಾಗ ಇಳದು ಶೇಂಗಾ ತಿಂತಾವ" ಅಂದ್ರು. ಇವನು ಇವು ಹಿಮಾಲಯ ದಾಟಿ ಬರ್ತಾವ ಅಜ್ಜಿ ಅಂತ ಶುರು ಹಚ್ಕೊಂಡ. ಅಷ್ಟು ಮ್ಯಾಲೆ ಹಾರೂದ್ರಾಗ ಏನು ದೊಡ್ಡಸ್ತಿಕಿ, ರೆಕ್ಕಿ ಐತಿ ಹಾರ್ತಾವ ಅಂದ್ರು ಅಜ್ಜಿ.

ಇವನು ಫೋನ್ ಮುಖದ ಹತ್ರ ತಂದು, "ಅಜ್ಜಿ, ಮನ್ಯಾಗ ಸ್ಟ್ರಾ ಐತೇನು? ಮೊದಲು ಹೇಳು, ನಿನಗ ಉಬ್ಬಸ ಇಲ್ಲಲ್ಲ?"