ಕ್ಯಾಮೆರಾ ಒಳಗಿಟ್ಟ ಮೇಲೆ ಶುರುವಾದ ಬರವಣಿಗೆ

ಹುಬ್ಬಳ್ಳಿಯ ಒಂದು ವಸತಿರಹಿತರ ಆಶ್ರಯ ಕೇಂದ್ರಕ್ಕೆ ಒಂದು ಚಳಿಗಾಲ ಪೂರ್ತಿ ಸಂಜೆ ಹೊತ್ತು ಹೋಗುತ್ತಿದ್ದೆ. ಅಲ್ಲಿಯವರ ದಿನನಿತ್ಯವನ್ನು ಬರೆದಿಡಬೇಕು ಅಂತ ಆಸೆಯಿತ್ತು.

ಮೊದಲ ದಿನವೇ ತಪ್ಪು ಮಾಡಿದೆ. ಮೊಬೈಲ್ ತೆಗೆದು ಸಾಲು ಹಾಸಿಗೆಗಳ ಫೋಟೊ ಹೊಡೆದೆ. ಮೂಲೆಯಲ್ಲಿದ್ದ ಹಿರಿಯರೊಬ್ಬರು ಕೌದಿಯನ್ನು ಮುಖದ ಮೇಲೆ ಎಳೆದುಕೊಂಡರು. ಆಮೇಲೆ ಹತ್ತಿರ ಕರೆದರು. "ನಾ ಹೋಟೆಲ್‌ನ್ಯಾಗ ಕೆಲಸಕ್ಕದೀನಿ, ಅಲ್ಲೇ ಇರ್ತೀನಿ ಅಂತ ಊರಾಗ ತಿಳಕೊಂಡಾರ್ರಿ. ಈ ಫೋಟೊ ಅಲ್ಲಿಗೆ ಮುಟ್ಟಿದ್ರ?" ಅವರ ಎದುರೇ ಅಳಿಸಿದೆ. ಮತ್ತೆ ಕ್ಯಾಮೆರಾ ತೆಗೆಯಲಿಲ್ಲ.

ಬದಲಿಗೆ ಅವರನ್ನೇ ಕೇಳಿಕೊಂಡು, ಮಲಗುವ ಜಾಗಗಳ ನಕ್ಷೆ ಬರೆದೆ. ಪ್ರತಿ 1 ಲಕ್ಷ ಜನಸಂಖ್ಯೆಗೆ 100 ಮಂದಿಗಾಗುವಷ್ಟು ಆಶ್ರಯ, ಒಬ್ಬರಿಗೆ ಕನಿಷ್ಠ 50 ಚದರಡಿ ಅಂತ ಕೇಂದ್ರ ಸರ್ಕಾರದ ರಾಷ್ಟ್ರೀಯ ನಗರ ಜೀವನೋಪಾಯ ಅಭಿಯಾನದ ಮಾರ್ಗಸೂಚಿ ಹೇಳುತ್ತಿತ್ತು. ಆ 50 ಚದರಡಿಯಲ್ಲಿ ಏನೇನು ಇರುತ್ತದೆ? ತಲೆಯ ಕೆಳಗೆ ಗಂಟು. ಕಳುವಾಗಬಾರದು ಅಂತ ಅದರಡಿ ಚಪ್ಪಲಿ. ಒಳಜೇಬಲ್ಲಿ, ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿದ ಆಧಾರ್ ಕಾರ್ಡ್. ಎಲ್ಲರಿಗೂ ಬೇಕಾದದ್ದು ಚಾರ್ಜಿಂಗ್ ಬೋರ್ಡಿನ ಪಕ್ಕದ ಜಾಗ. ರಾತ್ರಿ ಫೋನ್ ಸತ್ತರೆ ಬೆಳಿಗ್ಗೆ ಮೇಸ್ತ್ರಿಯ ಕರೆ ಬರುವುದಿಲ್ಲ. ಆ ದಿನದ ಕೂಲಿ ಹೋದಂತೆಯೇ. ಅದಕ್ಕೆ ಅವರವರೇ ಪಾಳಿ ಮಾಡಿಕೊಂಡಿದ್ದರು. ಈ ಪಾಳಿ ಅರ್ಥವಾಗಲು ನನಗೆ ಎರಡು ವಾರ ಹಿಡಿಯಿತು.

"ಮನೆ ಯಾಕೆ ಬಿಟ್ರಿ?" ಅಂತ ನಾನು ಕೇಳಲಿಲ್ಲ. ಹೊಸಬನ ಮುಂದೆ ಅದನ್ನೆಲ್ಲ ಯಾಕೆ ಹೇಳಬೇಕು, ಅಲ್ವಾ? "ಇವತ್ತು ಬೆಳಿಗ್ಗೆಯಿಂದ ಏನೇನು ಮಾಡಿದ್ರಿ?" ಅಂದರೆ ಮಾತು ತಾನಾಗಿ ಬರುತ್ತಿತ್ತು. ಒಬ್ಬರು ಅಮರಗೋಳದ ಎಪಿಎಂಸಿಯಲ್ಲಿ ಹಮಾಲಿ. ಒಣಮೆಣಸಿನಕಾಯಿ ಚೀಲ ಹೊತ್ತ ದಿನ ಅಂಗಿಯ ಘಾಟಿಗೆ ಪಕ್ಕದವರೂ ಕೆಮ್ಮುತ್ತಾರೆ, ಹಾಗಾಗಿ ಅಂಗಿ ಒಗೆದೇ ಒಳಗೆ ಬರುತ್ತಿದ್ದರು. ಇನ್ನೊಬ್ಬರು ಮದುವೆ ಅಡುಗೆಯಲ್ಲಿ ಪಾತ್ರೆ ತಿಕ್ಕುತ್ತಿದ್ದರು. ಕೆಲಸವಿಲ್ಲದ ದಿನ ಸಿದ್ಧಾರೂಢ ಮಠದಲ್ಲಿ ಪ್ರಸಾದ.

ಎದುರಿಗೆ ಕೂತು ಬರೆದರೆ ಮಾತು ನಿಲ್ಲುತ್ತದೆ. ಹಾಗಾಗಿ ಸುಮ್ನೆ ಕೇಳುತ್ತಿದ್ದೆ, ಮನೆಗೆ ಬಂದು ಅದೇ ರಾತ್ರಿ ಬರೆಯುತ್ತಿದ್ದೆ. ಬೆಳಗಾದರೆ ಅರ್ಧ ಮರೆತಿರುತ್ತದೆ. ಹೆಸರು ಬದಲಿಸಿದರಷ್ಟೇ ಸಾಲದು, ಗುರುತು ಸಿಗುವ ಊರು, ಕಸುಬು, ಗಾಯದ ಕಲೆ ಕೂಡ ಬದಲಿಸಬೇಕು.

ಕೊನೆಗೆ ಬರೆದದ್ದನ್ನು ಅವರವರಿಗೇ ಓದಿ ಹೇಳಿದೆ. ಕೌದಿ ಎಳೆದುಕೊಂಡಿದ್ದ ಹಿರಿಯರು ಮಗಳ ಬಗ್ಗೆ ಇದ್ದ ಒಂದು ಸಾಲು ತೆಗೆಸಿದರು. ಸ್ವಲ್ಪ ಹೊತ್ತು ಬಿಟ್ಟು ಅಂದರು: "ದಿನಾ ಮುಂಜಾನೆ ಒಬ್ಬರಿಗೆ ನಾನೇ ಚಹಾ ಕುಡಸ್ತೀನಿ. ಅದನ್ನ ಬರದಿಲ್ಲಲ್ರಿ. ಬರ್ಕೊಳ್ರಿ."

ಅವರ ಎದುರೇ ಬರೆದುಕೊಂಡೆ.