ಕಲ್ಪನಾಲೋಕದಲ್ಲಿ ಮಂದಹುಣ್ಣಿಮೆ ಕಟ್ಟುವ ಬಗೆ

ಮಂದಹುಣ್ಣಿಮೆಯ ಊರನ್ನು, ಅಂದರೆ ಹುಣ್ಣಿಮೆ ರಾತ್ರಿ ಚಂದ್ರನ ದೆಸೆಯಿಂದ ಕಾಲ ನಿಧಾನವಾಗುವ ಊರನ್ನು, ಕತೆಗೋ ಆಟಕ್ಕೋ ಕಟ್ಟುವವರು ಮೊದಲು ಗಡಿ ಗುರುತಿಸಬೇಕು. ಇಡೀ ಲೋಕವೇ ಒಟ್ಟಿಗೆ ನಿಧಾನವಾದರೆ ಗಡಿಯಾರ, ನಾಡಿ, ಯೋಚನೆ ಎಲ್ಲವೂ ಅಷ್ಟೇ ನಿಧಾನವಾಗುತ್ತವೆ, ಯಾರಿಗೂ ಏನೂ ತಿಳಿಯುವುದಿಲ್ಲ. ಬೆಂಗಳೂರಿನವರಿಗೆ ನಕ್ಷೆ ಕೈಯಲ್ಲೇ ಇದೆ. ಲಾಲ್‌ಬಾಗ್ ಬಂಡೆ, ಕೆಂಪಾಂಬುಧಿ ಕೆರೆ, ಹಲಸೂರು ಕೆರೆ, ಮೇಖ್ರಿ ವೃತ್ತ, ಈ ನಾಲ್ಕು ಕಡೆಯ ಗಡಿಗೋಪುರಗಳನ್ನು ಹೆಸರು ಬದಲಿಸಿ ಎತ್ತಿಕೊಳ್ಳಿ. ಗೋಪುರಗಳ ಒಳಗೆ ಮಂದಕಾಲ, ಹೊರಗೆ ಎಂದಿನ ಕಾಲ.

ಪ್ರತಿ ಹುಣ್ಣಿಮೆಗೂ ಹೀಗಾದರೆ ಜನರಿಗೆ ಅದು ವಾರದ ಸಂತೆಯಷ್ಟೇ ಮಾಮೂಲಾಗಿಬಿಡುತ್ತದೆ. ಚಂದ್ರ ಭೂಮಿಯಿಂದ ಅತಿ ದೂರದ ಬಿಂದುವಿನಲ್ಲಿ, ಅಂದರೆ ಪಂಚಾಂಗದವರು ಹೇಳುವ ಮಂದೋಚ್ಚದಲ್ಲಿ, ಇದ್ದಾಗ ಬರುವ ಹುಣ್ಣಿಮೆಯನ್ನೇ ಆರಿಸಿ. ಆಗ ಚಂದ್ರನ ನಡೆಯೂ ಅತಿ ನಿಧಾನ. ನಮ್ಮ ಚಂದ್ರನ ಲೆಕ್ಕವನ್ನೇ ಇಟ್ಟುಕೊಂಡರೆ ಇದು 14 ಹುಣ್ಣಿಮೆಗೊಮ್ಮೆ, ಸುಮಾರು 413 ದಿನಕ್ಕೊಮ್ಮೆ ಮರಳುತ್ತದೆ. ಈ ಸಲ ಕಾರ್ತಿಕದಲ್ಲಿ ಬಂದದ್ದು ಮುಂದಿನ ಸಲ ಪುಷ್ಯಕ್ಕೆ ಜಾರುತ್ತದೆ. ನಡುವೆ ಅಧಿಕಮಾಸ ಬಿದ್ದರೆ ಮಾರ್ಗಶಿರಕ್ಕೆ. ಒಮ್ಮೆ ಕಡಲೆಕಾಯಿ ಪರಿಷೆಯ ದಿನಗಳಲ್ಲಿ, ಇನ್ನೊಮ್ಮೆ ಸುಗ್ಗಿಯ ನಡುವೆ ಬಂದರೆ ಪ್ರತಿ ಸಲವೂ ಹೊಸ ತೊಡಕು ಹುಟ್ಟುತ್ತದೆ. ಕಾರಣ ಹೇಳಲು ಮಾತ್ರ ಗುರುತ್ವವನ್ನು ಎಳೆದು ತರಬೇಡಿ. ಗುರುತ್ವ ಕಾಲವನ್ನು ನಿಧಾನಿಸುವುದು ನಿಜ, ಆದರೆ ಚಂದ್ರನ ಪಾಲು ಯಾರ ಅನುಭವಕ್ಕೂ ಬಾರದಷ್ಟು ಅಲ್ಪ, ದೂರ ಹೋದಷ್ಟೂ ಇನ್ನೂ ಕಡಿಮೆ. ವರವೋ ಶಾಪವೋ ಸಾಕು.

ಪ್ರಮಾಣ ನಾಲ್ಕಕ್ಕೆ ಒಂದು ಇರಲಿ. ಚಂದ್ರ ಮೂಡಿ ಮುಳುಗುವವರೆಗೆ ಹೊರಗೆ 12 ಗಂಟೆ, ಒಳಗೆ 3 ಗಂಟೆ. ಗಳಿಗೆ ಬಟ್ಟಲಿನ ಲೆಕ್ಕದಲ್ಲಿ ಹೊರಗೆ 30 ಗಳಿಗೆ, ಒಳಗೆ ಏಳೂವರೆ. ಹಗಲಿಗೆ ಇದನ್ನು ಹಚ್ಚಬೇಡಿ: ಒಳಗಿನ ಒಂದು ಗಂಟೆಯಲ್ಲಿ ನಾಲ್ಕು ಗಂಟೆಯ ಬಿಸಿಲು ಸುರಿದು ಊರು ಬೆಂದುಹೋಗುತ್ತದೆ.

ಹೆಚ್ಚಿನವರು ಎಡವುವುದು ನೀರಿನಲ್ಲಿ. ಹೊರಗಿನ ಗಂಟೆಗೆ 1000 ಕೊಡ ತರುವ ಕಾಲುವೆ, ಒಳಗಿನವರ ಗಂಟೆಗೆ 4000 ಕೊಡ ತಂದು ಸುರಿಯುತ್ತದೆ. ಕಾಲುವೆ ಅಷ್ಟನ್ನು ಹೊರಲಾರದೆ ಗಡಿಯಲ್ಲೇ ಉಕ್ಕಿ ಕೇರಿಗೆ ನುಗ್ಗುತ್ತದೆ. ಹಾಗಾಗಿ ಚಂದ್ರೋದಯಕ್ಕೆ ಮುಂಚೆಯೇ ನೀರುಗಂಟಿ ತೂಬನ್ನು ಮುಕ್ಕಾಲು ಪಾಲು ಮುಚ್ಚಲಿ. ತಡೆದ ನೀರು ನಿಲ್ಲಲು ಗಡಿಯ ಹೊರಗೆ ಒಂದು ಕೆರೆ ಬೇಕು, ರಾತ್ರಿಗೆ 9000 ಕೊಡ ಹಿಡಿಯುವಷ್ಟು, ಜೊತೆಗೆ ಮಳೆ ಬಂದರೆ ಹರಿದುಹೋಗಲು ಒಂದು ಕೋಡಿ. ಊರು ದಾಟಿ ಕೆಳಗೆ ಹೋಗುವ ಕಾಲುವೆಯ ಕತೆ ಉಲ್ಟಾ: ಅಲ್ಲಿ ಹೊರಗಿನ ಗಂಟೆಗೆ 250 ಕೊಡವಷ್ಟೇ ಇಳಿಯುತ್ತದೆ. ಕೆಳಗಿನ ಗದ್ದೆಯವರ ಸಿಟ್ಟಿಗೆ ಇದಕ್ಕಿಂತ ಗಟ್ಟಿ ಕಾರಣ ಬೇಕಿಲ್ಲ. ನಮ್ಮ ಮಟ್ಟಿಗೆ ಇಡೀ ಊರಿನಲ್ಲಿ ಅತಿ ಮುಖ್ಯ ಪಾತ್ರ ಈ ನೀರುಗಂಟಿಯದೇ, ರಾಜನದಲ್ಲ.

ಮನೆಯೊಳಗಿನ ಲೆಕ್ಕವೂ ಇದೇ. ಸಂಜೆ ಹೆಪ್ಪು ಹಾಕಿದ ಹಾಲು ಬೆಳಗಾದರೂ ಮೊಸರಾಗಿರುವುದಿಲ್ಲ, ಇಡ್ಲಿ ಹಿಟ್ಟು ಉಬ್ಬಿರುವುದಿಲ್ಲ. ದೀಪಕ್ಕೆ ಕಾಲು ಪಾಲು ಎಣ್ಣೆ ಸಾಕು. ಮಲಗಿದವರಿಗೆ ಸಿಕ್ಕಿದ್ದು 3 ಗಂಟೆಯ ನಿದ್ದೆ, ಆದ್ದರಿಂದ ಮರುದಿನ ಅಂಗಡಿಗಳು ತಡವಾಗಿ ತೆರೆಯಲಿ. ಗಡಿಯ ಆಚೆಯ ತಮಟೆ ಒಳಗಿನವರಿಗೆ ಎರಡು ಸ್ಥಾಯಿ ಮೇಲೆ, ಕೀರಲಾಗಿ ಕೇಳುತ್ತದೆ. ಒಳಗಿನ ನಾದಸ್ವರ ಹೊರಗಿನವರಿಗೆ ಎರಡು ಸ್ಥಾಯಿ ಕೆಳಗೆ. ಬೆಳಕಿಗೂ ಇದೇ ನಿಯಮ ಹಚ್ಚಿದರೆ ಬಣ್ಣಗಳೆಲ್ಲ ಕಣ್ಣಿಗೆ ಕಾಣದ ಕಡೆಗೆ ಸರಿದುಬಿಡುತ್ತವೆ, ಬೆಳಕಿಗೆ ವಿನಾಯಿತಿ ಕೊಟ್ಟುಬಿಡಿ.

ಗಡಿಯನ್ನು ಚಾಕುವಿನಂತೆ ಹರಿತವಾಗಿಡಬೇಡಿ. ದಾಟುವವನ ಒಂದು ಕಾಲಿನಲ್ಲಿ ರಕ್ತ ಒಂದು ವೇಗದಲ್ಲಿ, ಇನ್ನೊಂದರಲ್ಲಿ ನಾಲ್ಕು ಪಟ್ಟು ವೇಗದಲ್ಲಿ ಹರಿಯಲಾಗದು. 200 ಮಾರು ಅಗಲದ ಪಟ್ಟಿ ಬಿಟ್ಟು, ಅದರೊಳಗೆ ಕಾಲ ಹಂತಹಂತವಾಗಿ ಇಳಿಯಲಿ. ಕಾವಲುಗಾರರ ಕೂಲಿ ಯಾವ ಕಾಲದ ಲೆಕ್ಕದಲ್ಲಿ ಎಂಬುದನ್ನೂ ಈಗಲೇ ತೀರ್ಮಾನಿಸಿ.

ಇನ್ನು ವಯಸ್ಸು. ಒಳಗಿನವರು ಪ್ರತಿ ಸಲ ಉಳಿಸುವುದು 9 ಗಂಟೆ. 60 ವರ್ಷದಲ್ಲಿ ಸುಮಾರು 53 ಮಂದಹುಣ್ಣಿಮೆ, ಒಟ್ಟು 477 ಗಂಟೆ, ಇಪ್ಪತ್ತು ದಿನಕ್ಕೂ ಒಂದಿಷ್ಟು ಕಡಿಮೆ. ಒಳಗುಳಿದ ತಂಗಿ ಹುಡುಗಿ, ಹೊರಗಿದ್ದ ಅವಳಿ ಅಕ್ಕ ಮುದುಕಿ ಎಂಬ ಕತೆ ಈ ಪ್ರಮಾಣದಲ್ಲಿ ನಡೆಯದು. ಅದೇ ಬೇಕಿದ್ದರೆ ಒಂದು ರಾತ್ರಿಗೆ ಹೊರಗೆ ವರ್ಷಗಳೇ ಕಳೆಯಬೇಕು; ಆಗ ತೂಬು, ಕೆರೆ, ಮೊಸರು ಎಲ್ಲವನ್ನೂ ಮೊದಲಿನಿಂದ ಲೆಕ್ಕ ಹಾಕಿ.